ಒನ್ಸ್ ಮೋರ್ ಒಪ್ಪದ ವಿಶ್ವಾರಾಧ್ಯ

ವಿಶ್ವಾರಾಧ್ಯನ ಹೆಸರನ್ನು ನಾನು ಮೊದಲು ಕೇಳಿದ್ದು ನನ್ನ ಯಜಮಾನರ ಬೈಗುಳದಲ್ಲಿ. ಓಲ್ಡ್ ಟೌನ್ ಮನೆಯ ಹಿತ್ತಲಲ್ಲಿ ಅವರೆಕಾಳು ಹಿಸುಕುತ್ತಿದ್ದೆ.

"ಮಾಚೇನಹಳ್ಳೀಲಿ ಲೇತ್ ಕೆಲಸ ಮಾಡೋನು ನಾಟಕ ಬರ್ದಿದಾನಂತೆ ಮಾರಾಯ್ತಿ. ಅದ್ರಲ್ಲಿ ನಾನು ಆಡ್ಬೇಕಂತೆ, ಆದ್ರೆ ಮುಖಕ್ಕೆ ಬಣ್ಣ ಹಚ್ಚಬಾರ್ದಂತೆ, ಬರ್ದಿದ್ದು ಬಿಟ್ಟು ಬೇರೆ ಮಾತಾಡ್ಬಾರ್ದಂತೆ!"

ಯಜಮಾನರು, ಉಜ್ಜನಪ್ಪ, ಭದ್ರಾವತಿ ಸುತ್ತ ಹೆಸರಾದ ಹಾಸ್ಯಗಾರರು. ಯಾರ ನಾಟಕವಾದರೂ ಮಾತು ಇವರದೇ, ಸ್ಟೇಜಿನ ಮೇಲೇ ಹುಟ್ಟುತ್ತಿತ್ತು. ಜನ 'ಒನ್ಸ್ ಮೋರ್' ಎಂದು ಕೂಗಿದರೆ ಸತ್ತವನೂ ಎದ್ದು, ಹಾಡಿ, ಮತ್ತೆ ಸಾಯುವುದು ನಮ್ಮಲ್ಲಿ ರೂಢಿ.

ಮಾರನೆಯ ದಿನ ವಿಶ್ವಾರಾಧ್ಯನೇ ಬಂದ.

"ಅಣ್ಣಾ, ಸತ್ತೋನು ಎದ್ರೆ, ಪಕ್ಕದಲ್ಲಿ ಅಳ್ತಿರೋ ಹೆಂಡ್ತಿ ಏನ್ ಮಾಡ್ಬೇಕು?"

"ಅವಳೂ ಇನ್ನೊಂದ್ಸಲ ಅಳ್ಲಿ. ಕಣ್ಣೀರೇನು ನಿಮ್ಮಪ್ಪನ ಮನೇದಾ?"

ಅವನೇ ನಕ್ಕ. ಆಮೇಲೆ ಕತೆ ಹೇಳಿದ. ಕಾರ್ಖಾನೆ ಮುಚ್ಚಿದ ಮೇಲೂ ದಿನಾ ಊಟದ ಡಬ್ಬಿ ಹಿಡಿದು ಹೊರಡುವ ಮುದುಕ, ಕೊನೆಗೆ ಗೇಟಿನ ಮುಂದೆಯೇ ಸಾಯುತ್ತಾನೆ. ಅಂಥವರು ನಮ್ಮ ಬೀದಿಯಲ್ಲೂ ಇದ್ದರು. ಯಜಮಾನರು ಒಪ್ಪಿದರು.

ನಾನು ಓದಿದ್ದು ನಾಲ್ಕನೇ ಕ್ಲಾಸು, ಯಜಮಾನರಿಗೆ ಓದೇ ಬಾರದು. ಅಕ್ಷರ ಕೂಡಿಸಿ ನಾಟಕ ಓದಿ ಹೇಳುತ್ತಿದ್ದೆ, ಅವರು ಬಾಯಿಪಾಠ ಮಾಡುತ್ತಿದ್ದರು. ಒಂದು ದಿನ ಪ್ರಾಕ್ಟೀಸಿನಲ್ಲಿ ಡಬ್ಬಿಯನ್ನು ನೋಡಿ, "ಬಾರೇ, ನನ್ನೊಳಗೆ ಏನೂ ಉಳಿದಿಲ್ಲ, ನಿನ್ನೊಳಗೆ ಅನ್ನನಾದ್ರೂ ಇದೆ" ಎಂದುಬಿಟ್ಟರು. ಎಲ್ಲರೂ ನಕ್ಕರು.

"ಅದು ಬೇಡ ಅಣ್ಣಾ. ಅಲ್ಲಿ ಜನ ನಗಬಾರ್ದು" ಎಂದ ವಿಶ್ವಾರಾಧ್ಯ. ಆ ಮಾತು ಹೋಯಿತು.

ಮೊದಲ ಪ್ರಯೋಗ ಶಿವಮೊಗ್ಗದಲ್ಲಿ. ಮುದುಕ ಸತ್ತ ಕೂಡಲೇ ಶಿಳ್ಳೆ: "ಉಜ್ಜನಪ್ಪಾ, ಒನ್ಸ್ ಮೋರ್!" ವಿಶ್ವಾರಾಧ್ಯ ಪರದೆ ಹಗ್ಗ ಹಿಡಿದು ಸೈಡಿನಲ್ಲಿ ನಿಂತಿದ್ದ. ಇವರು ಎದ್ದರೆ ಅವನ ನಾಟಕ ಅಲ್ಲಿಗೇ ಮುಗಿದಂತೆ, ಮುಂದೆ ಯಾವ ನಾಟಕ ಸಂಘದವರೂ ಅವನು ಹೇಳಿದಂತೆ ಆಡುವುದಿಲ್ಲ. ಮುಂದಿನ ಸಾಲಿನಲ್ಲಿದ್ದ ನನಗೆ ಯಜಮಾನರ ಕಾಲಿನ ಹೆಬ್ಬೆರಳು ಅಲ್ಲಾಡಿದ್ದು ಕಂಡಿತು. ಆಮೇಲೆ ಅದೂ ನಿಂತಿತು. ಕೂಗಿ ಕೂಗಿ ಜನ ಸುಮ್ಮನಾದರು. ಹೆಂಡತಿ ಪಾತ್ರದವಳು ಅಳುವುದು ಹಿಂದಿನ ಸಾಲಿಗೂ ಕೇಳಿಸಿತು.

ಅಲ್ಲಿಂದ ಮುಂದೆ ಕೆಲವು ಸಂಘಗಳು ಹಾಗೇ ಆಡತೊಡಗಿದವು, ಕೆಲವು ಅವನನ್ನು ಬೈದುಕೊಂಡೇ ಇದ್ದವು. ಯಜಮಾನರು ತೀರಿಹೋದ ಮೇಲೂ ಅವನು ಹಬ್ಬಕ್ಕೆ ಬಂದು ಹೋಗುತ್ತಿದ್ದ.

ಹೋದ ವರ್ಷ ಅವನು ಆಸ್ಪತ್ರೆ ಸೇರಿದಾಗ ನೋಡಲು ಹೋದೆ. ಅವನ ಮಗಳು ಸಮತಾ ಪಕ್ಕದಲ್ಲಿದ್ದಳು. ಅವನ ದನಿ ಬಹಳ ಸಣ್ಣದಾಗಿತ್ತು.

"ಅಕ್ಕಾ, ಅಣ್ಣನ ಆ ಡಬ್ಬಿ ಮಾತು, ನಾನು ಬೇಡ ಅಂದಿದ್ದು. ನೆನಪಿದೆಯಾ?"

ಯಜಮಾನರು ಹೇಳಿದಂತೆಯೇ ಹೇಳಿದೆ. ನಕ್ಕ, ಕೆಮ್ಮಿದ. ಸಮತಾ ನೀರು ಕುಡಿಸಿದಳು. ಉಸಿರು ಹದಕ್ಕೆ ಬಂದ ಮೇಲೆ ಬೆರಳೆತ್ತಿದ.

"ಒನ್ಸ್ ಮೋರ್, ಅಕ್ಕಾ."