ಉತ್ತರಾಣಿ ಬೂದಿ, ಕೆಂಪು ಶಾಯಿ

ಕಸಬುದಾರರ ಮಾಹಿತಿ ಬರೆದುಕೊಳ್ಳುವ ಸರಕಾರಿ ಕೆಲಸಕ್ಕೆ ನಾನು ಸಂಖ ಎಂಬ ಹಳ್ಳಿಗೆ ಹೋಗಿದ್ದೆ. ಅಲ್ಲಿ ನೂಲಿಗೆ ಬಣ್ಣ ಹಾಕುವ ಮುದುಕರೊಬ್ಬರಿದ್ದರು, ಊರಿಗೆಲ್ಲ ಚಾಚಾ. ನೂಲಿನ ಜಿಡ್ಡು ಬಿಡಲೆಂದು ಅದನ್ನು ಮೊದಲು ಬೂದಿನೀರಿನಲ್ಲಿ ಕುದಿಸುತ್ತಿದ್ದರು. ಉತ್ತರಾಣಿ ಗಿಡ ಸುಟ್ಟ ಬೂದಿಯನ್ನು ನೀರಿನಲ್ಲಿ ಕದಡಿ ಬಸಿದ ತಿಳಿ ಅದು. ಎರಡು ಬೆರಳ ನಡುವೆ ತಿಕ್ಕಿ ನೋಡುವರು. ಜಾರಿದರೆ ಹದ ಬಂತು.

ನನಗೆ ಕಾಲೇಜಿನ ರಸಾಯನಶಾಸ್ತ್ರ ಇನ್ನೂ ಮರೆತಿರಲಿಲ್ಲ. ಸುಮ್ಮನಿರಲಾಗಲಿಲ್ಲ.

“ಚಾಚಾ, ಇದು ಬರೇ ಬೂದಿನೀರಲ್ರಿ. ಹುಳಿ ಮುರಿಯೋ ಇಂಥಾದ್ದಕ್ಕ ಶಾಸ್ತ್ರದಾಗ ಅಲ್ಕಲಿ ಅಂತಾರ. ಇಂಗ್ಲಿಷ್ ಶಬ್ದ.”

ಚಾಚಾ ಕೈ ಒರೆಸಿಕೊಳ್ಳುತ್ತ ನಕ್ಕರು. “ಕುಂದ್ರಿ ಸಾಹೇಬರ. ಅದು ಇಂಗ್ಲಿಷ್ ಯಾವಾಗ ಆತ್ರಿ? ಅಲ್-ಕಲೀ ಅಂದ್ರ ಅರಬಿ. ನಮ್ಮಜ್ಜ ಹಕೀಮ ಇದ್ದರು, ಅವರ ಔಷಧದ ಕಿತಾಬಿನ್ಯಾಗ ಐತಿ. ಸವಳು ನೆಲದ ಗಿಡ ಸುಟ್ಟ ಬೂದಿರಿ ಅದು. ಬರೇ ಬೂದಿ!”

ನಾನು ಕುಂತು ಅವರು ಕೊಟ್ಟ ಚಹಾ ಕುಡಿದೆ. ಭಾಳ ಚಲೋ ಇತ್ತು. ಫಾರ್ಮಿನಲ್ಲಿ ‘ಬಳಸುವ ಸಾಮಗ್ರಿ’ ಎಂಬ ಕಡೆ, ಅವರ ಮಾತಿಗೆ ಮರ್ಯಾದೆ ಕೊಟ್ಟು, ‘ಬೂದಿ’ ಎಂದೇ ಬರೆದೆ.

ತಿಂಗಳಾದ ಮೇಲೆ ಫಾರ್ಮು ವಾಪಸು ಬಂತು. “ಹಳ್ಳಿ ಮಾತು ಬೇಡ, ಶಾಸ್ತ್ರದ ಶಬ್ದ ಇರಲಿ” ಎಂದು ಮೇಲಿನ ಸಾಹೇಬರು ಕೆಂಪು ಶಾಯಿಯಲ್ಲಿ ‘ಬೂದಿ’ಗೆ ಗೀಟು ಹೊಡೆದು ‘ಅಲ್ಕಲಿ’ ಎಂದು ತಿದ್ದಿದ್ದರು.

ಬೂದಿಯನ್ನು ಹೊಡೆದುಹಾಕಿ, ಪಾಪ, ಬೂದಿ ಅಂತಲೇ ಬರೆದಿದ್ದರು. ಅದೂ ನಮ್ಮ ಚಾಚಾನ ಅಜ್ಜನ ಕಿತಾಬಿನ ಭಾಷೆಯಲ್ಲಿ.