ಪರದೆಯ ಹಿಂದೆ ಕೂತು ಕಂಡ ಸಿನಿಮಾ

ಮೊಮ್ಮಗಳು ಮೊನ್ನೆ ಹೊಸ ಬಿಳಿ ಬಟ್ಟೆಯೊಂದನ್ನು ನನ್ನ ಮಡಿಲಿಗೆ ಹಾಕಿ, "ಅಜ್ಜೀ, ಪರದೆಗೆ ಅಂಚು ಹೊಲಿದುಕೊಡು. ಹಳೇಬೀಡಲ್ಲಿ ನನ್ನ ಸಿನಿಮಾ ತೋರಿಸ್ತಿದೀವಿ" ಎಂದಳು. ನನ್ನ ಮೊಮ್ಮಗಳು ಸಿನಿಮಾ ತೆಗೆದಿದ್ದಾಳೆ, ಗೊತ್ತಾಯಿತೇ? ಹದಿನೈದೇ ನಿಮಿಷದ್ದು. ಆದರೂ ಬೀದಿಯಲ್ಲಿ ಸಿಕ್ಕವರಿಗೆಲ್ಲ ಹೇಳಿದ್ದೇನೆ, ಹಾಲು ಹಾಕುವವನಿಗಂತೂ ಎರಡು ಸಲ. ಬಟ್ಟೆಯ ಗಂಜಿ ವಾಸನೆ ಮೂಗಿಗೆ ಬಡಿದದ್ದೇ ಮಾದಿಹಳ್ಳಿಯ ಭತ್ತದ ಗೋಡೌನು ಕಣ್ಣೆದುರು ಬಂತು.

ನನ್ನ ಮೊದಲ ಮಗ ತೊಟ್ಟಿಲಲ್ಲಿದ್ದ ಕಾಲ, ಎಪ್ಪತ್ತೆಂಟೋ ಎಪ್ಪತ್ತೊಂಬತ್ತೋ ಇಸವಿ. ಮೇಷ್ಟರಾಗಿದ್ದ ನನ್ನ ಮೈದುನ ಗೆಳೆಯರನ್ನು ಕಟ್ಟಿಕೊಂಡು ಫಿಲಂ ಕ್ಲಬ್ ನಡೆಸುತ್ತಿದ್ದ. ಟಾಕೀಸಿಗೆ ಬರದ ಸಿನಿಮಾಗಳನ್ನು ತರಿಸಿ, ಭಾನುವಾರ ಮಧ್ಯಾಹ್ನ ಆ ಗೋಡೌನಿನ ಕಿಟಕಿಗೆ ಗೋಣಿಚೀಲ ಕಟ್ಟಿ ತೋರಿಸುವುದು. ರೀಲಿನ ಡಬ್ಬಿ ಅರಸೀಕೆರೆ ಸ್ಟೇಷನ್ನಿಂದ ಬರುತ್ತಿತ್ತು; ಪರದೆ ಮಾತ್ರ ನಾನು ಎರಡು ಪಂಚೆ ಜೋಡಿಸಿ ಹೊಲಿದದ್ದು. ಗೋಡೌನಿನ ಅರ್ಧ ಭಾಗ ಮೂಟೆಗಳೇ ತುಂಬಿದ್ದರಿಂದ ಪರದೆ ನಡುವೆ ತೂಗುತ್ತಿತ್ತು. ಮುಂದೆ ಗಂಡಸರು, ಹಿಂದೆ, ಮೂಟೆಗಳ ಮೇಲೆ, ನಾವು ಹೆಂಗಸರು; ತೆಳು ಪಂಚೆಯಲ್ಲಿ ಚಿತ್ರ ಹಿಂದಕ್ಕೂ ಮೂಡುತ್ತಿತ್ತು. ಗಾಳಿಗೆ ಹಾರದಂತೆ ಪರದೆಯ ಅಂಚು ಹಿಡಿದು ಕೂರುವ ಕೆಲಸವೂ ನನ್ನದೇ.

"ಅತ್ತಿಗೆ, ನೀವೇ ನಮ್ಮ ಕ್ಲಬ್ಬಿನ ಬೆನ್ನೆಲುಬು" ಎಂದ ಮೈದುನ ಒಮ್ಮೆ.

"ಅದಕ್ಕೇ ಏನಪ್ಪಾ ಹಿಂದುಗಡೆ ಕೂರ್ಸಿರೋದು?" ಎಂದೆ.

ಒಂದು ಭಾನುವಾರ ಬೆಂಗಳೂರಿನ ತರುಣನೊಬ್ಬ ತಾನೇ ತೆಗೆದ ಸಿನಿಮಾ ಹೊತ್ತು ಬಂದ. ಯಾವ ಟಾಕೀಸೂ ಅದನ್ನು ಮುಟ್ಟಿರಲಿಲ್ಲ. "ಇಲ್ಲೂ ಯಾರೂ ಒಪ್ಪದಿದ್ರೆ ಸಿನಿಮಾ ಸಾಕು ಮೇಷ್ಟ್ರೇ, ಅಪ್ಪನ ಅಂಗಡೀಲಿ ಕೂತ್ಕೋತೀನಿ" ಎಂದದ್ದು ನಮಗೂ ಕೇಳಿಸಿತು. ಮಾತೇ ಕಡಿಮೆಯಿದ್ದ ಸಿನಿಮಾ. ಮುಗಿದಾಗ ಮುಂದಿನವರು ಕೆಮ್ಮಿದರು, ಪಂಚೆ ಕೊಡವಿದರು, ಬೇಲೂರು ಬಸ್ಸಿಗೆ ಹೊತ್ತಾಯಿತೆಂದು ಎದ್ದರು. ಪಾಪ, ಅವನು ರೀಲುಗಳನ್ನು ಡಬ್ಬಿಗೆ ತುಂಬತೊಡಗಿದ.

ನನಗೆ ತಡೆಯಲಾಗಲಿಲ್ಲ. ಪರದೆಯ ಪಕ್ಕದಿಂದ ತಲೆ ಹೊರಹಾಕಿ, "ಅಲ್ಲ ಕಣಪ್ಪಾ, ಆ ತಾಯಿಗೆ ಮಗನ ಮ್ಯಾಲೆ ಅಷ್ಟೊಂದು ಸಿಟ್ಟು ಯಾಕೆ?" ಎಂದೆ.

"ಸಿಟ್ಟಾ? ಪ್ರೀತಿಯಿಂದ ಬಡಿಸ್ತಿದಾಳಲ್ಲಮ್ಮಾ!"

"ಎಡಗೈಲಿ ಅನ್ನ ಬಡುಸ್ತಾಳೆ, ಪ್ರೀತಿ ಅಂತೀಯಲ್ಲ! ಮಗನೂ ಬಿಡ್ಲಿಲ್ಲ, ಎಡಗೈಲೇ ಉಂಡ. ಇಬ್ರೂ ಹಠಕ್ಕೆ ಬಿದ್ದವ್ರೆ."

ಗೋಡೌನಿಗೆ ಗೋಡೌನೇ ನಕ್ಕಿತು. "ಅತ್ತಿಗೆ, ಹಿಂದಿನಿಂದ ನೋಡಿದ್ರೆ ಕನ್ನಡೀಲಿ ಕಂಡಂಗೆ ಎಡ ಬಲ ಅದಲುಬದಲು ಕಣ್ರೀ" ಎಂದ ಮೈದುನ. ನನಗೇನು ಗೊತ್ತು? ಅಲ್ಲಿಯವರೆಗೆ ನಾವು ನೋಡಿದ್ದೆಲ್ಲ ಚಮಚದಲ್ಲಿ ಉಣ್ಣುವ ಪರದೇಶದವರ ಸಿನಿಮಾ. ಯಾವ ಕೈಯೆಂದು ಯಾರು ಗಮನಿಸಿದರು? ನಾಚಿ ಮುಖ ಮುಚ್ಚಿಕೊಂಡೆ.

ನಗದವನು ಆ ತರುಣನೊಬ್ಬನೇ. ಡಬ್ಬಿ ಬಿಟ್ಟು ನಮ್ಮ ಬಳಿ ಬಂದು, "ಆ ಸಿಟ್ಟು ಯಾಕೆ ಅಂದ್ಕೊಂಡ್ರಿ? ಹೇಳಿ" ಎಂದ. ಹೇಳಿದೆ. ಪಕ್ಕದ ದ್ಯಾಮಕ್ಕ, "ಅಂಗಲ್ಲ, ಮಗ ಕಾಗದ ಬರೀದೇ ಇದ್ದಿದ್ಕೆ" ಎಂದಳು. ಇನ್ನೊಬ್ಬಳು ಸೊಸೆಯನ್ನು ಎಳೆದುತಂದಳು. ಸಿನಿಮಾದಲ್ಲಿ ಸೊಸೆಯೇ ಇರಲಿಲ್ಲ! ಎದ್ದ ಗಂಡಸರೂ ಮತ್ತೆ ಕೂತು ವಾದಕ್ಕಿಳಿದರು. ಬಸ್ಸು ಹೋಯಿತು. ಅವನು ಬರೆದುಕೊಂಡದ್ದೇ ಬರೆದುಕೊಂಡದ್ದು.

"ಮೇಷ್ಟ್ರೇ, ಮುಂದಿನದನ್ನೂ ಮೊದಲು ಇಲ್ಲಿಗೇ ತರ್ತೀನಿ" ಎಂದು ಹೊರಟ. ತಂದ ಕೂಡ. ಅದರಲ್ಲಿ ತಾಯಿ ಬೇಕೆಂದೇ ಎಡಗೈಯಲ್ಲಿ ಬಡಿಸುತ್ತಾಳೆ. ಹಿಂದೆ ಕೂತ ನಮಗೆ ಅದು ಬಲಗೈ! "ಎಂಥಾ ಒಳ್ಳೆ ತಾಯಿ" ಎಂದು ದ್ಯಾಮಕ್ಕ ಕಣ್ಣೊರೆಸಿಕೊಂಡಳು.

ನಿನ್ನೆ ಮೊಮ್ಮಗಳ ಸಿನಿಮಾವನ್ನು ಮೊಬೈಲಿನಲ್ಲಿ ನೋಡಿ, "ಆ ಹುಡುಗಿ ಅತ್ತಿದ್ದು ಬೇಗ ಆಯ್ತು ಕಣೇ" ಎಂದೆ. "ನಿಂಗೇನಜ್ಜಿ ಗೊತ್ತು!" ಎಂದು ಮುಖ ಊದಿಸಿಕೊಂಡು ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ತಾನೇ ಬಂದು ಚಾಪೆಯ ಮೇಲೆ ಕೂತು, "ಸರಿ, ಹೇಳು, ಯಾಕೆ ಬೇಗ ಆಯ್ತು?" ಎಂದಳು. ಮೂರನೇ ಕ್ಲಾಸಿಗೇ ಶಾಲೆ ಬಿಟ್ಟವಳು ನಾನು. ಗಂಟಲು ಸರಿಮಾಡಿಕೊಂಡು ಹೇಳತೊಡಗಿದೆ. ಸೊಸೆ ಊಟಕ್ಕೆ ಮೂರು ಸಲ ಕರೆದಳು. ನಾನು ನಿಲ್ಲಿಸಲಿಲ್ಲ, ಮೊಮ್ಮಗಳೂ ಏಳಲಿಲ್ಲ.