ರಿಟ್ ಹಾಕಿದರೆ ಲಿಫ್ಟ್ ಬರುತ್ತದೆ ಎಂದುಕೊಂಡಿದ್ದೆ

ತಿರುವನಂತಪುರದ ಕೇಂದ್ರ ಸರ್ಕಾರದ ಸಂಸ್ಥೆಯೊಂದರ ಆಡಳಿತ ವಿಭಾಗದಲ್ಲಿ ನನ್ನ ಅರ್ಧ ಆಯುಷ್ಯ ಕಳೆದಿದೆ. ಹೈಕೋರ್ಟಿನಿಂದ ರಿಟ್ ಅರ್ಜಿಯ ನೋಟಿಸ್ ಬಂತೆಂದರೆ ನಮ್ಮ ಸಾಹೇಬರುಗಳು ಊಟ ಬಿಟ್ಟು ಓಡಾಡುವುದನ್ನು ಕಣ್ಣಾರೆ ಕಂಡವನು ನಾನು. ವರ್ಷಗಟ್ಟಲೆ ಅಲುಗದ ಫೈಲು ಒಂದೇ ಮಧ್ಯಾಹ್ನ ಮೂರು ಟೇಬಲ್ ದಾಟುತ್ತಿತ್ತು. ರಿಟ್ ಎಂದರೆ ಎಂಥವನೂ ನಡುಗುತ್ತಾನೆ ಎಂಬ ಭ್ರಮೆ ಹಾಗೇ ತಲೆಯೊಳಗೆ ಕೂತುಬಿಟ್ಟಿತ್ತು. ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ!

ನಮ್ಮ ಫ್ಲಾಟ್ ಮೂರನೇ ಮಹಡಿಯಲ್ಲಿ. ವರ್ಷದೊಳಗೆ ಲಿಫ್ಟ್ ಹಾಕಿಸಿಕೊಡುತ್ತೇನೆಂದು ಬಿಲ್ಡರ್ ಕರಾರಿಗೆ ಸಹಿ ಹಾಕಿದ್ದ. ಮೂರು ವರ್ಷವಾದರೂ ಲಿಫ್ಟಿನ ಬಾಗಿಲಿಗೆ ಹೊಡೆದ ಪ್ಲೈವುಡ್ ಹಾಗೇ ಇತ್ತು. "ಬಿಡ್ರೀ, ಹತ್ತಿ ಇಳಿದ್ರೆ ಮೈ ಕರಗತ್ತೆ," ಎಂದು ನನ್ನ ಹೆಂಡತಿ ನಗುತ್ತಿದ್ದಳು. ಆಮೇಲೆ ಅವಳಿಗೆ ಲಕ್ವ ಹೊಡೆಯಿತು. ಎಡಗೈ, ಎಡಗಾಲು ಎರಡೂ ಬಿದ್ದುಹೋದವು. ಮೊದಲ ಆರು ತಿಂಗಳು ಬಹಳ ಮುಖ್ಯ, ವಾರಕ್ಕೆ ಮೂರು ಸಲ ಆಸ್ಪತ್ರೆಗೆ ಕರೆತಂದು ಫಿಸಿಯೋಥೆರಪಿ ಮಾಡಿಸಿದರೆ ಕೈ ತಿರುಗಿ ಬರಬಹುದು ಎಂದರು ಡಾಕ್ಟರು.

ನಾವು ಚೇಟ್ಟನ್, ಅಂದರೆ ಅಣ್ಣ, ಎಂದು ಕರೆಯುತ್ತಿದ್ದ ಕೆಳಮನೆಯವರು ತಮ್ಮ ಸ್ನೇಹಿತರನ್ನು ಕರೆದುಕೊಂಡು ಬಂದು, ಎರಡು ಸಲ ಅವಳನ್ನು ಕುರ್ಚಿ ಸಮೇತ ಹೊತ್ತು ಇಳಿಸಿದರು. ಎರಡನೆಯ ಸಲ ಮೆಟ್ಟಿಲ ತಿರುವಿನಲ್ಲಿ ಕುರ್ಚಿ ವಾಲಿ ಸೀರೆ ಮೊಣಕಾಲಿನವರೆಗೆ ಸರಿಯಿತು. ಇದ್ದ ಒಂದು ಕೈಯಲ್ಲಿ ಕುರ್ಚಿ ಹಿಡಿದುಕೊಂಡಿದ್ದಳು, ಸೀರೆ ಎಳೆದುಕೊಳ್ಳಲಾಗಲಿಲ್ಲ. ಮನೆಗೆ ಬಂದವಳೇ, "ನಾನೇನು ಹೆಣಾನಾ, ನಾಲ್ಕು ಜನ ಹೊರೋಕೆ? ಲಿಫ್ಟ್ ಬಂದ್ಮೇಲೆ ಕರ್ಕೊಂಡ್ಹೋಗಿ," ಎಂದು ಅತ್ತಳು. ಆಮೇಲೆ ಜಪ್ಪಯ್ಯ ಎಂದರೂ ಒಪ್ಪಲಿಲ್ಲ. ನೆಲಮಹಡಿಯಲ್ಲೊಂದು ಬಾಡಿಗೆ ಮನೆ ಹುಡುಕುವುದು ಬಿಟ್ಟು ನಾನು ರಿಟ್ ಹಿಂದೆ ಬಿದ್ದೆ.

ಕೊಚ್ಚಿಯ ಎಡಪ್ಪಳ್ಳಿಯಲ್ಲಿ ಕಾಸರಗೋಡು ಕಡೆಯ ವಕೀಲರೊಬ್ಬರು ಸಿಕ್ಕರು. ಕರಾರು ಓದಿ ತಲೆ ಅಲ್ಲಾಡಿಸಿದರು.

"ಇದು ರಿಟ್ಟಿನಲ್ಲಿ ನಿಲ್ಲುದಿಲ್ಲ ಸರ್. ಬಿಲ್ಡರ್ ಸರಕಾರ ಅಲ್ಲ ಅಲ್ವಾ? ಗ್ರಾಹಕರ ಕೋರ್ಟಿಗೆ ಹೋಗುವ."

"ಅಲ್ಲಿ ಎಷ್ಟು ವರ್ಷ ಎಳೀತಾರೋ! ಕಟ್ಟಡಕ್ಕೆ ಪರವಾನಗಿ ಕೊಟ್ಟ ಕಾರ್ಪೊರೇಷನ್ನನ್ನೇ ಮೊದಲನೇ ಪ್ರತಿವಾದಿ ಮಾಡಿ. ಅದು ಸರ್ಕಾರ ತಾನೇ?" ಎಂದೆ, ಮಹಾ ಉಪಾಯ ಕಂಡುಹಿಡಿದವನ ಹಾಗೆ.

"ನೀವು ಹೇಳಿದರೆ ಹಾಕುವ. ಮತ್ತೆ ನನಗೆ ಬೈಬೇಡಿ."

ಐದು ತಿಂಗಳಲ್ಲಿ ಮೂರು ಸಲ ನಮ್ಮೂರ ತಂಪಾನೂರು ಸ್ಟೇಷನ್ನಿನಿಂದ ಕೊಚ್ಚಿಯ ಹೈಕೋರ್ಟಿಗೆಂದು ಬೆಳಗಿನ ರೈಲು ಹತ್ತಿದೆ. ಎರಡು ಸಲ ಮುಂದೂಡಿದರು. ಮೂರನೆಯ ಸಲ ನ್ಯಾಯಮೂರ್ತಿಗಳು ಎರಡು ಪುಟ ತಿರುವಿ, ಇದರಲ್ಲಿ ಸರ್ಕಾರ ಎಲ್ಲಿದೆ ಎಂದು ಕೇಳಿದರು. ಲಿಫ್ಟ್ ಕರಾರಿಗೂ ನಮಗೂ ಸಂಬಂಧವಿಲ್ಲ ಎಂದರು ಕಾರ್ಪೊರೇಷನ್ ವಕೀಲರು. ನಿಮ್ಮ ಪತ್ನಿಯ ಕಷ್ಟ ಅರ್ಥವಾಗುತ್ತದೆ, ಆದರೆ ಇಬ್ಬರು ಖಾಸಗಿಯವರ ಕರಾರನ್ನು ರಿಟ್ಟಿನಲ್ಲಿ ಜಾರಿ ಮಾಡಿಸಲಾಗದು, ಸಿವಿಲ್ ಕೋರ್ಟಿಗೋ ಗ್ರಾಹಕರ ಕೋರ್ಟಿಗೋ ಹೋಗಿ ಎಂದು ನ್ಯಾಯಮೂರ್ತಿಗಳು ಅರ್ಜಿ ವಜಾ ಮಾಡಿದರು. ಸಿಟ್ಟು ಯಾರ ಮೇಲೆ ಮಾಡಲಿ? ಅವರು ಹೇಳಿದ್ದು ಕಾನೂನು. ಇಂಥದೇ ಆದೇಶಗಳನ್ನು ಫೈಲಿಗೆ ಸೇರಿಸಿ, ನಾವು ಗೆದ್ದೆವೆಂದು ಆಫೀಸಿನವರಿಗೆಲ್ಲ ಟೀ ಕುಡಿಸಿದವನು ನಾನೇ.

ಡಾಕ್ಟರು ಹೇಳಿದ್ದ ಆರು ತಿಂಗಳು ಆ ವಾರವೇ ಮುಗಿದಿತ್ತು. ಸಂಜೆ ಮನೆಗೆ ಬಂದು ಮೂರು ಮಹಡಿ ಹತ್ತಿದಾಗ ಅವಳು ಮಂಚದ ಮೇಲೆ ಕೂತೇ ಇದ್ದಳು.

"ಇನ್ನೊಂದು ಕೋರ್ಟಿಗೆ ಹೋಗ್ಬೇಕಂತೆ," ಎಂದೆ.

"ಹೋಗೋಣ ಬಿಡಿ," ಎಂದಳು. ಎಡಗೈಯ ಕಡೆ ತೋರಿಸಿ, "ರೀ, ನಿನ್ನೆವರೆಗೂ ಹೆಬ್ಬೆರಳು ಒಂಚೂರು ಅಲ್ಲಾಡ್ತಿತ್ತು. ಬೆಳಗ್ಗೆಯಿಂದ ಎಷ್ಟು ಪ್ರಯತ್ನಪಟ್ರೂ ಆಗ್ತಿಲ್ಲ. ನೀವೊಂದ್ಸಲ ನೋಡಿ," ಎಂದು ನೋವಿಗೆ ಹೆದರಿ ಕಣ್ಣು ಮುಚ್ಚಿಕೊಂಡಳು.

ಆ ಕೈಯನ್ನು ತೊಡೆಯ ಮೇಲಿಟ್ಟುಕೊಂಡು ಬೆರಳುಗಳನ್ನು ಬಿಡಿಸಲು ನೋಡಿದೆ. ಸೆಟೆದುಕೊಂಡಿದ್ದವು. ಇನ್ನಷ್ಟು ಒತ್ತಿದೆ.

"ನೋವಾಗ್ತಿದೆಯಾ?"

"ನೀವು ಆಗ್ಲೇ ಹಿಡ್ಕೊಂಡ್ರಾ?" ಎಂದಳು, ಕಣ್ಣು ಬಿಡದೆ.